ಅರ್ಜಿದಾರನ ಮನೆಯಲ್ಲಿ ಪ್ರತಿವಾದಿ

ಕೇಸಿಗೆ ತಾನೂ ಸಹಿ ಹಾಕಿದ್ದೇನೆ ಎಂದು ಶಿವಶಂಕರಪ್ಪ ಹೆಂಡತಿಗೆ ಹೇಳಿದ್ದು ಬೆಳಿಗ್ಗೆ, ಆಕೆ ರೊಟ್ಟಿ ತಟ್ಟುತ್ತಿರುವಾಗ. ಆ ಹೊತ್ತಿನಲ್ಲಿ ಹೇಳಿದರೆ ಮಾತು ಬೆಳೆಯುವುದಿಲ್ಲ, ನರಸಿಂಹರಾಜಪುರದ ಬಸ್ಸಿಗೆ ಅವಳು ಹೊರಡಲೇಬೇಕು ಎಂದು ಅವನು ಯೋಚಿಸಿಕೊಂಡಿದ್ದ.

"ಯಾವ ಕೇಸು?" ಕಾವಲಿಯ ಮೇಲಿನ ರೊಟ್ಟಿ ಮಗುಚುತ್ತ ದೇವಕಿ ಕೇಳಿದಳು.

"ಅದೇ, ಪ್ರಮೋಷನ್ನಿಂದು. ವೃಷಭೇಂದ್ರಪ್ಪ ಎಲ್ಲರ ಸೈನ್ ತಗೊಂಡು ಬೆಂಗಳೂರಿಗೆ ಕಳಿಸ್ತಿದಾನೆ."

"ಯಾರ ಮೇಲೆ?"

"ಸರ್ಕಾರದ ಮೇಲೆ ಮಾರಾಯ್ತಿ. ಇನ್ಯಾರ ಮೇಲೆ ಹಾಕ್ತಾರೆ?"

"ಬರೀ ಸರ್ಕಾರದ ಮೇಲೆ ಹಾಕಿದ್ರೆ ಅದು ನಿಲ್ಲಲ್ಲ. ಬಡ್ತಿ ತಗೊಂಡೋರನ್ನೂ ಪ್ರತಿವಾದಿ ಮಾಡ್ಬೇಕು. ದಿನಾ ಅಂಥ ಫೈಲೇ ನೋಡ್ತೀನಿ ನಾನು. ನನ್ನ ಹೆಸರೂ ಇರ್ತದಲ್ಲ ಅದರಲ್ಲಿ?"

ಶಿವಶಂಕರಪ್ಪ ಕಾಫಿ ಲೋಟ ಕೆಳಗಿಟ್ಟ. "ಅದು ಲಾಯರು ಹಾಕೋದು. ನಾನು ಹಾಕಿದ್ದಲ್ಲ."

ದೇವಕಿ ರೊಟ್ಟಿ ತೆಗೆದು ಒಲೆ ಆರಿಸಿದಳು. ಹಿಟ್ಟು ಇನ್ನೂ ಎರಡು ಮೂರು ರೊಟ್ಟಿಗೆ ಆಗುವಷ್ಟು ಉಳಿದಿತ್ತು. ಅದರ ಮೇಲೊಂದು ತಟ್ಟೆ ಮುಚ್ಚಿ, ಕೈ ತೊಳೆದು, ತನ್ನ ಡಬ್ಬಿ ಮಾತ್ರ ಚೀಲಕ್ಕೆ ಹಾಕಿಕೊಂಡು ಹೊರಟಳು. ಅವನ ಡಬ್ಬಿ ಅಡುಗೆಮನೆ ಕಟ್ಟೆಯ ಮೇಲೆ ಖಾಲಿ ಕೂತಿತ್ತು. ಮದುವೆಯಾದ ಮೇಲೆ ಹಾಗಾದದ್ದು ಅದೇ ಮೊದಲು.

ಇಬ್ಬರದ್ದೂ ಒಂದೇ ಇಲಾಖೆ. ಶೃಂಗೇರಿಯ ಕಚೇರಿಯಲ್ಲಿ ಎದುರುಬದುರು ಮೇಜಿನ ಗುಮಾಸ್ತರಾಗಿ ಕೆಲಸ ಶುರುಮಾಡಿದವರು. ಅವನು ಸೇರಿ ವರ್ಷವಾದ ಮೇಲೆ ಅವಳು ಬಂದಿದ್ದಳು. ಅವನು ಬಾಳೆಹೊನ್ನೂರು ಕಡೆಯ ಲಿಂಗಾಯತರ ಮನೆಯ ಹುಡುಗ, ಅವಳು ಹರಿಹರಪುರದ ಆಚೆಯ ಕಾಲೋನಿಯವಳು, ಎಸ್ಸಿ. ಮದುವೆ ರಿಜಿಸ್ಟ್ರಾರ್ ಕಚೇರಿಯಲ್ಲಿ ನಡೆಯಿತು. ಅವನ ಅಣ್ಣ ಇನ್ನು ಈ ಮನೆ ಮೆಟ್ಟಿಲು ಹತ್ತಬೇಡ ಅಂದ. ಅವಳ ಅಪ್ಪ ಏನೂ ಅನ್ನಲಿಲ್ಲ, ಆದರೆ ಸಾಯುವ ತನಕ ಅಳಿಯನ ಎದುರು ಕುರ್ಚಿಯ ಮೇಲೆ ಕೂರಲಿಲ್ಲ.

ಮೀಸಲಾತಿಯ ಸರದಿಯಲ್ಲಿ ದೇವಕಿಗೆ ಮೊದಲು ಬಡ್ತಿ ಬಂತು. ಶಿವಶಂಕರಪ್ಪ ಆಗ ಕಚೇರಿಗೆಲ್ಲ ಮೈಸೂರುಪಾಕು ಹಂಚಿದ್ದ. ಅವನಿಗೆ ಅದೇ ಬಡ್ತಿ ಸಿಗುವ ಹೊತ್ತಿಗೆ ಅವಳು ಇನ್ನೊಂದು ಮೆಟ್ಟಿಲು ಮೇಲೆ ಹೋಗಿ ನರಸಿಂಹರಾಜಪುರದ ಕಚೇರಿಯಲ್ಲಿ ಸೂಪರಿಂಟೆಂಡೆಂಟ್ ಆಗಿದ್ದಳು. ಆ ಸಲ ಅವನು ಸಿಹಿ ತರಲಿಲ್ಲ. ಇಲಾಖಾ ಪರೀಕ್ಷೆಗಳನ್ನೆಲ್ಲ ಮೊದಲ ಸಲಕ್ಕೇ ಪಾಸು ಮಾಡಿದವನು ಕೊಪ್ಪಕ್ಕೆ ವರ್ಗವಾಗಿ ಬಂದ ಮೇಲೆ ಅಲ್ಲಿನ ಕಚೇರಿಯ ಕಿಟಕಿ ಪಕ್ಕದ ಮೇಜಿನಲ್ಲಿ ಕೂತೇ ಇದ್ದ. ಅವನು ಟಿಪ್ಪಣಿ ಬರೆಯುವುದು ಕಲಿಸಿಕೊಟ್ಟ ಹುಡುಗರು ಅವನಿಗೇ ಮೆಮೋ ಕೊಡುವ ಸ್ಥಾನಕ್ಕೆ ಹೋದರು.

ಹೀಗಿರುವಾಗ ದಿಲ್ಲಿಯ ದೊಡ್ಡ ಕೋರ್ಟಿನ ತೀರ್ಪು ಬಂತು. ಮೀಸಲಾತಿಯಿಂದ ಮೊದಲು ಮೇಲೆ ಹೋದವರು ಅದೇ ಬಲದಿಂದ ಮುಂದಿನ ಬಡ್ತಿಗೂ ಹಿರಿಯರಾಗುವಂತಿಲ್ಲ, ಆಮೇಲೆ ಅದೇ ಬಡ್ತಿಗೆ ಬಂದ ಸಾಮಾನ್ಯ ವರ್ಗದವನಿಗೆ ಅವನ ಮೂಲ ಹಿರಿತನ ಮತ್ತೆ ಸಿಗಬೇಕು ಎಂದು. ಎರಡು ಸಾವಿರದ ಒಂದನೇ ಇಸವಿಯಲ್ಲಿ ರಾಜ್ಯದ ಎಲ್ಲ ಕಚೇರಿಗಳಲ್ಲೂ ಅದೇ ಮಾತು. ಟೀ ಅಂಗಡಿಯಲ್ಲಿ ಒಂದೇ ಬೆಂಚಿನಲ್ಲಿ ಕೂರುತ್ತಿದ್ದವರು ಎರಡು ಬೆಂಚಾದರು. ಶಿವಶಂಕರಪ್ಪನಿಗಿಂತ ಸೇವೆಯಲ್ಲಿ ಹಿರಿಯನಾದ ವೃಷಭೇಂದ್ರಪ್ಪ ತಾಲ್ಲೂಕುಗಳನ್ನು ತಿರುಗಿ ಸಹಿ ಕೂಡಿಸಿದ. ಬೆಂಗಳೂರಿನ ಆಡಳಿತ ನ್ಯಾಯಮಂಡಳಿಯಲ್ಲಿ ಅರ್ಜಿ ಬಿತ್ತು.

ನೋಟಿಸು ದೇವಕಿಯ ಕೈಸೇರಿದ್ದು ಕಚೇರಿಯಲ್ಲೇ. ತಂದುಕೊಟ್ಟವನು ಸಹಿ ತೆಗೆದುಕೊಂಡು ಹೋದ. ಎದುರಿಗೆ ಕೂತಿದ್ದ ಟೈಪಿಸ್ಟು ಹುಡುಗಿ ತಲೆ ಎತ್ತಲಿಲ್ಲ, ಆದರೆ ಟೈಪಿನ ಸದ್ದು ನಿಂತಿತು.

ಆವತ್ತು ಸಂಜೆ ದೇವಕಿ ಬಂದವಳೇ ಸೀರೆ ಕೂಡ ಬದಲಿಸದೆ ಸೌತೆಕಾಯಿ ಹೆಚ್ಚಲು ಕೂತಳು. ಅತ್ತೆ ವೀರಬಸಮ್ಮ ಅಡುಗೆಮನೆಯ ಬಾಗಿಲಲ್ಲಿ ಕಾಲು ನೀಡಿಕೊಂಡು ಬೆಳ್ಳುಳ್ಳಿ ಬಿಡಿಸುತ್ತಿದ್ದಳು.

"ಎಂತ ಆಯ್ತೆ? ಮುಖ ಹೀಗಿದೆ."

"ನಿಮ್ಮ ಮಗ ನನ್ನ ಮೇಲೆ ಕೇಸು ಹಾಕಿದಾರೆ ಅತ್ತೆ. ನೋಟಿಸು ಬಂತು."

"ಅವನು ಹೇಳ್ದ. ಸರ್ಕಾರದ ಮೇಲಂತೆ."

"ಸರ್ಕಾರದ ಹೆಸರು ಮೊದಲು, ನನ್ನ ಹೆಸರು ಆಮೇಲೆ."

ವೀರಬಸಮ್ಮ ಸಿಪ್ಪೆ ಊದಿದಳು. ಅವಳು ಈ ಮನೆಗೆ ಬಂದದ್ದು ದೊಡ್ಡ ಸೊಸೆಯ ಜತೆ ಹೊಂದಾಣಿಕೆಯಾಗದೆ. ಬಂದ ಹೊಸದರಲ್ಲಿ ಹಿತ್ತಿಲ ಕಡೆ ಬೇರೆ ಒಲೆ ಹೂಡಿಕೊಂಡು ತನಗಾಗುವಷ್ಟು ತಾನೇ ಬೇಯಿಸಿಕೊಳ್ಳುತ್ತಿದ್ದಳು. ಸೊಸೆ ಮುಟ್ಟಿದ ನೀರು ಕುಡಿಯುತ್ತಿರಲಿಲ್ಲ. ಮಂಡಿ ನೋವು ಹೆಚ್ಚಾಗಿ ಕೂತರೆ ಏಳಲಾಗದ ದಿನ ಬಂದ ಮೇಲೆ ಒಂದು ಮಧ್ಯಾಹ್ನ ಮಾತಿಲ್ಲದೆ ದೇವಕಿ ಬಡಿಸಿದ ತಟ್ಟೆಯ ಮುಂದೆ ಕೂತಿದ್ದಳು. ಆ ವಿಷಯವನ್ನು ಇಬ್ಬರೂ ಮತ್ತೆ ಎತ್ತಿರಲಿಲ್ಲ.

"ನೋಡು ದೇವಕಿ," ವೀರಬಸಮ್ಮ ಹೇಳಿದಳು, "ಗಂಡ ಗುಮಾಸ್ತ, ಹೆಂಡ್ತಿ ಅವನಿಗಿಂತ ಮೇಲೆ ಅಂದ್ರೆ ನಾಲ್ಕು ಜನ ನಗ್ತಾರೆ. ಅವನಿಗೂ ಒಂದು ಬಡ್ತಿ ಆಗ್ಲಿ ಬಿಡು."

"ಆಗ್ಲಿ. ಬೇಡ ಅಂದೋರು ಯಾರು? ನನ್ನನ್ನ ಎಳೆದು ಕೆಳಗೆ ಹಾಕ್ಬೇಕ ಅದಕ್ಕೆ?"

"ಹೆಂಗಸಿಗೆ ಯಾವ ಕುರ್ಚಿ ಆದ್ರೆ ಎಂತ?"

"ನಿಮ್ಮ ಕಣ್ಣಿನ ಆಪರೇಷನ್ನು ಮಾಡ್ಸಿದ್ದು ಆ ಕುರ್ಚಿ ಸಂಬಳದಿಂದ ಅತ್ತೆ."

ವೀರಬಸಮ್ಮ ಬೆಳ್ಳುಳ್ಳಿಯ ಬಟ್ಟಲನ್ನು ಸೊಸೆಯ ಕಡೆ ತಳ್ಳಿ ಗೋಡೆ ಹಿಡಿದು ಎದ್ದುಹೋದಳು.

ಶಿವಶಂಕರಪ್ಪ ಮನೆಗೆ ಬಂದದ್ದು ಊಟದ ಹೊತ್ತಿಗೆ. ಮಗಳು ಅರ್ಪಣಾ, ಕೊಪ್ಪದ ಕಾಲೇಜಿನಲ್ಲಿ ಬಿ.ಕಾಂ. ಎರಡನೇ ವರ್ಷದವಳು, ತಟ್ಟೆ ಹಾಕುತ್ತಿದ್ದಳು. ಮೂರು ತಟ್ಟೆ ಇತ್ತು.

"ನಂದು?" ಅಂದ ಅವನು.

"ಕಪಾಟಿನಲ್ಲಿ ಇದೆ. ತಗೊಂಡು ಬಡಿಸ್ಕೊಳ್ಳಿ," ದೇವಕಿ ಹೇಳಿದಳು. "ಅನ್ನ ಮಾಡ್ತೀನಿ, ಸಾರು ಮಾಡ್ತೀನಿ. ಎದುರು ಪಾರ್ಟಿಗೆ ಬಡಿಸೋಕೆ ನನ್ನಿಂದ ಆಗಲ್ಲ."

"ಎಂಥ ಮಾತು ಆಡ್ತೀಯ? ಮಗಳ ಎದುರು."

"ಮಗಳಿಗೆ ಗೊತ್ತಿಲ್ದೆ ಇರೋದು ಏನಿದೆ? ಅವಳ ಕಾಲೇಜಲ್ಲಿ ಕೂಡ ಕೇಳಿದಾರೆ, ನಿಮ್ಮಪ್ಪ ನಿಮ್ಮಮ್ಮನ ಮೇಲೆ ಕೇಸು ಹಾಕಿದಾರಂತೆ ಹೌದ ಅಂತ."

ಶಿವಶಂಕರಪ್ಪ ಮಗಳ ಮುಖ ನೋಡಿದ. ಅವಳು ನೀರಿನ ಚೊಂಬು ತರಲು ಒಳಗೆ ಹೋದಳು.

"ದೇವಕಿ, ನೀನು ಅರ್ಥ ಮಾಡ್ಕೋ. ನಿನ್ನ ಮೇಲೆ ನನಗೆ ಎಂತ ಇದೆ? ಇಪ್ಪತ್ತು ವರ್ಷದ ಮೇಲಾಯ್ತು ಸರ್ವೀಸಿಗೆ ಸೇರಿ. ನನಗಿಂತ ಆಮೇಲೆ ಬಂದೋರೆಲ್ಲ ಮೇಲೆ ಹೋದ್ರು. ನಾನು ಎಂತ ತಪ್ಪು ಮಾಡಿದೀನಿ ಹೇಳು. ರೂಲ್ಸು ಸರಿ ಇಲ್ಲ ಅಂತ ಕೇಳಿದೆ, ಅಷ್ಟೇ. ರೂಲ್ಸಿನ ಮೇಲೆ ಕೇಸು."

"ರೂಲ್ಸಿಗೆ ಬಡ್ತಿ ಸಿಕ್ಕಿದ್ದಲ್ಲ, ನನಗೆ ಸಿಕ್ಕಿದ್ದು. ಇಳಿಯೋದೂ ನಾನೇ."

"ನಿನಗೋಸ್ಕರ ನಾನು ಮನೆ ಬಿಟ್ಟೆ. ಅಣ್ಣ ತೋಟದಲ್ಲಿ ಒಂದು ಗಿಡ ಕೊಡ್ಲಿಲ್ಲ. ಅದನ್ನ ಯಾವತ್ತಾದ್ರೂ ಹೇಳಿದೀನ?"

"ಈಗ ಹೇಳಿದ್ರಲ್ಲ."

ಅವನು ಕಪಾಟಿನಿಂದ ತಟ್ಟೆ ತೆಗೆದು, ಅನ್ನ ತಾನೇ ಹಾಕಿಕೊಂಡು, ಜಗಲಿಯಲ್ಲಿ ಕೂತು ಉಂಡ. ಮಜ್ಜಿಗೆ ಕೇಳಲಿಲ್ಲ. ಯಾರೂ ತಂದುಕೊಡಲೂ ಇಲ್ಲ.

ಮುಂದಿನ ವಾರಗಳಲ್ಲಿ ಮನೆ ಹಾಗೇ ನಡೆಯಿತು. ದೇವಕಿ ಅವನ ಬಟ್ಟೆ ಒಗೆಯುವುದನ್ನು ಬಿಡಲಿಲ್ಲ, ಇಸ್ತ್ರಿ ಹಾಕುವುದನ್ನು ಬಿಟ್ಟಳು. ಅವನು ಮಧ್ಯಾಹ್ನದ ಊಟಕ್ಕೆ ಬಸ್‌ಸ್ಟ್ಯಾಂಡಿನ ಹೋಟೆಲಿಗೆ ಹೋಗತೊಡಗಿದ. ಹೋಟೆಲಿನ ಸಾಂಬಾರು ಹೊಟ್ಟೆಗೆ ಸರಿಹೋಗದೆ ರಾತ್ರಿ ಜೀರಿಗೆ ನೀರು ಕಾಯಿಸಿಕೊಳ್ಳುತ್ತಿದ್ದ. ಗ್ಯಾಸ್ ಯಾರು ಬುಕ್ ಮಾಡಬೇಕು, ಹಾಲಿನವಳಿಗೆ ಯಾರು ಹೇಳಬೇಕು ಎಂಬುದಕ್ಕೆಲ್ಲ ಅರ್ಪಣಾ ನಡುವೆ ಓಡಾಡಬೇಕಾಯಿತು.

"ಅಮ್ಮ, ಅಪ್ಪ ಕೇಳ್ತಿದಾರೆ, ಕರೆಂಟ್ ಬಿಲ್ಲು ಕಟ್ಟಿದ್ದಾಯ್ತ ಅಂತ."

"ಆಯ್ತು ಅನ್ನು."

"ಇಲ್ಲೇ ಇದಾರೆ, ನೀವೇ ಹೇಳಿ."

"ಕೇಳಿಸ್ತಲ್ಲ ಅವರಿಗೆ."

ಒಂದು ದಿನ ಅರ್ಪಣಾಳೂ ಸಿಟ್ಟಾದಳು. "ನಾನೆಂತ ನಿಮ್ಮಿಬ್ಬರ ಲಾಯರ? ನನಗೆ ಪರೀಕ್ಷೆ ಇದೆ," ಎಂದು ಪುಸ್ತಕ ತೆಗೆದುಕೊಂಡು ಗೆಳತಿಯ ಮನೆಗೆ ಹೋದಳು.

ಆ ಹೊತ್ತಿಗೇ ದ್ವಿತೀಯ ದರ್ಜೆ ಸಹಾಯಕರ ಹುದ್ದೆಗೆ ಅರ್ಜಿ ಕರೆದಿದ್ದರು. ಡಿಗ್ರಿ ಮುಗಿಯುವವರೆಗೆ ಕಾಯುವುದು ಬೇಡ, ಪಿಯುಸಿ ಸಾಕು, ಬರೆದುಬಿಡಲಿ ಎಂದು ಶಿವಶಂಕರಪ್ಪನ ಆಸೆ. ಮಕ್ಕಳಿಗೆ ಅಪ್ಪನ ಜಾತಿ. ಲಿಂಗಾಯತರು ಮೂರು-ಬಿ ಪ್ರವರ್ಗದಲ್ಲಿ ಬರುತ್ತಾರೆ. ಅವನು ಅರ್ಧ ದಿನ ರಜೆ ಹಾಕಿ ಪ್ರಮಾಣಪತ್ರಕ್ಕೆ ತಾಲ್ಲೂಕು ಕಚೇರಿಗೆ ಹೋದ. ಸಂಜೆ ಬರುವಾಗ ಮುಖ ಸಣ್ಣದಾಗಿತ್ತು.

"ಸಿಗಲ್ವಂತೆ," ಎಂದ ಮಗಳಿಗೆ. "ಅಪ್ಪ ಅಮ್ಮ ಇಬ್ಬರ ಸಂಬಳ ಸೇರಿದ್ರೆ ಆದಾಯದ ಮಿತಿ ದಾಟ್ತದಂತೆ. ಜನರಲ್ಲಿನಲ್ಲೇ ಹಾಕ್ಬೇಕು."

"ಯಾವುದು ಸಿಗಲ್ಲ?" ಒಳಗಿನಿಂದ ದೇವಕಿ ಕೇಳಿದಳು.

"ಮೂರು-ಬಿ."

ಅವಳು ಬಾಗಿಲಿಗೆ ಬಂದು ನಿಂತಳು. ಅಷ್ಟು ದಿನಗಳಲ್ಲಿ ಅವನ ಕಡೆ ನೇರವಾಗಿ ನೋಡಿ ಮಾತಾಡಿದ್ದು ಆಗಲೇ.

"ಮೂರು-ಬಿ ಅಂದ್ರೆ ಎಂತ? ಅದೂ ಮೀಸಲಾತಿಯೇ ಅಲ್ವ?"

"ಅದು ಬೇರೆ. ಅದು ಕೆಲಸಕ್ಕೆ ಸೇರೋವಾಗ. ನಾವು ಕೇಳ್ತಿರೋದು ಬಡ್ತಿ ವಿಷಯ."

"ಸೇರೋವಾಗ ಆದ್ರೆ ಸರಿ, ಏರೋವಾಗ ತಪ್ಪು."

"ನಿನ್ನ ಸಂಬಳದಿಂದಲೇ ಹೋಯ್ತು ಅದು ಈಗ. ನಂದೊಂದೇ ಆಗಿದ್ರೆ ಸಿಗ್ತಿತ್ತು."

"ಹೌದಲ್ಲ? ಹಾಗಾದ್ರೆ ಬೇಗ ಕೇಸು ಗೆಲ್ಲಿ. ನನ್ನನ್ನ ಇಳಿಸಿದ್ರೆ ಮಗಳಿಗೆ ಸರ್ಟಿಫಿಕೇಟ್ ಸಿಕ್ಕಿದ್ರೂ ಸಿಗಬಹುದು."

"ನನಗೆ ಆ ಸರ್ಟಿಫಿಕೇಟೇ ಬೇಡ," ಅರ್ಪಣಾ ಹೇಳಿದಳು. "ಅರ್ಜಿಯೂ ಹಾಕಲ್ಲ. ಹಾಕಿದ್ರೆ ನಾಳೆ ನಾನೂ ಯಾವುದಾದ್ರೂ ಕೇಸಲ್ಲಿ ಒಂದು ಕಡೆ ಇರ್ಬೇಕಾಗ್ತದೆ."

ಅವಳು ಹಟ ಹಿಡಿದು ಅರ್ಜಿ ಹಾಕಲೇ ಇಲ್ಲ. ಕೊನೆಯ ದಿನಾಂಕ ದಾಟಿದ ಮೇಲೆ ಗಂಡ ಹೆಂಡತಿ ಇಬ್ಬರಿಗೂ ಅದು ಬರೀ ಸಿಟ್ಟಿನ ಮಾತಲ್ಲ ಎಂದು ಗೊತ್ತಾದದ್ದು. ಒಬ್ಬರನ್ನೊಬ್ಬರು ಬೈಯುವುದಕ್ಕೂ ಆಗದೆ ಆ ದಿನ ಇಬ್ಬರೂ ಮಗಳನ್ನೇ ಬೈದರು.

ಕೇಸು ವಿಚಾರಣೆಗೆ ಬರುವ ದಿನ ಗೊತ್ತಾಯಿತು. ವೃಷಭೇಂದ್ರಪ್ಪನ ಗುಂಪು ಹೊರಟಿತು. ದೇವಕಿಯ ಕಡೆಯವರೂ ಲಾಯರು ಹಿಡಿದಿದ್ದರು. ಇಬ್ಬರು ಸಹೋದ್ಯೋಗಿಗಳ ಜತೆ ಅವಳೂ ಹೊರಟಳು. ಕೊಪ್ಪದಿಂದ ಬೆಂಗಳೂರಿಗೆ ಬೆಳಗಿನ ಬಸ್ಸು ಇದ್ದದ್ದು ಒಂದೇ.

ವೀರಬಸಮ್ಮ ಅಂದು ಬೇಗ ಎದ್ದು, ಅರ್ಪಣಾಳಿಂದ ಕಾಯಿ ತುರಿಸಿ, ಕೂತಲ್ಲೇ ಚಿತ್ರಾನ್ನ ಕಲಸಿದಳು. ಒಂದೇ ದೊಡ್ಡ ಡಬ್ಬಿಗೆ ತುಂಬಿ ದೇವಕಿಯ ಕೈಗೆ ಕೊಟ್ಟಳು.

"ಇದು ಇಬ್ಬರಿಗೂ."

"ಅವರದ್ದು ಬೇರೆ ಕಟ್ಟಿಕೊಡಿ ಅತ್ತೆ."

"ಒಂದೇ ಬಸ್ಸು. ಎರಡು ಡಬ್ಬಿ ಎಂತಕ್ಕೆ? ದೊಡ್ಡ ಡಬ್ಬಿ ಇರೋದೂ ಒಂದೇ."

ಬಸ್ಸಿನಲ್ಲಿ ಶಿವಶಂಕರಪ್ಪ ಹಿಂದೆ ತನ್ನವರ ಜತೆ ಕೂತ. ದೇವಕಿ ಮುಂದೆ. ಎನ್.ಆರ್.ಪುರದಲ್ಲಿ ಅವಳ ಕಚೇರಿಯ ಜವಾನ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಿ, "ಎಲ್ಲಿಗೆ ಮೇಡಂ, ಸಾರೂ ಬಂದಿದಾರ?" ಎಂದು ಕೇಳಿ, ಆಮೇಲೆ ನೆನಪಾಗಿ ನಾಲಿಗೆ ಕಚ್ಚಿಕೊಂಡ.

ಮಧ್ಯಾಹ್ನ ಅರಸೀಕೆರೆಯಲ್ಲಿ ಬಸ್ಸು ಊಟಕ್ಕೆ ನಿಂತಿತು. ವೃಷಭೇಂದ್ರಪ್ಪನವರೆಲ್ಲ ಹೋಟೆಲಿನೊಳಗೆ ಹೋದರು. ಶಿವಶಂಕರಪ್ಪ ಬಾಗಿಲ ತನಕ ಹೋದವನು ಹೊಟ್ಟೆ ಮುಟ್ಟಿ ನೋಡಿಕೊಂಡು ವಾಪಸು ಬಂದ. ದೇವಕಿ ಮರದ ಕಟ್ಟೆಯ ಮೇಲೆ ಡಬ್ಬಿ ಬಿಚ್ಚಿದ್ದಳು. ಜತೆಯ ಇಬ್ಬರು ಹೆಂಗಸರು ಅವನನ್ನು ಕಂಡು ಸ್ವಲ್ಪ ಸರಿದರು.

"ಅವ್ವ ಬುತ್ತಿ ನಿನ್ನ ಹತ್ರ ಕೊಟ್ಟಿದಾಳಂತೆ," ಅಂದ.

ದೇವಕಿ ಡಬ್ಬಿಯ ಮುಚ್ಚಳ ಮಗುಚಿ ಅದರಲ್ಲಿ ಅರ್ಧ ಹಾಕಿಕೊಟ್ಟಳು. ಉಪ್ಪಿನಕಾಯಿಯ ಮಿಡಿ ಒಂದೇ ಇತ್ತು. ಅದನ್ನು ಅವನಿಗೇ ಹಾಕಿದಳು. ಅವನು ನಿಂತುಕೊಂಡೇ ತಿಂದ. ಹೋಟೆಲಿನ ಕಿಟಕಿಯಿಂದ ವೃಷಭೇಂದ್ರಪ್ಪ ಕೈತೊಳೆಯುತ್ತ ಇದನ್ನು ನೋಡುತ್ತಿದ್ದ.

"ಎಂತ ಮಾರಾಯ," ಬಸ್ಸು ಹೊರಟ ಮೇಲೆ ಅವನು ಕೇಳಿದ, "ರಾಜಿ ಆಯ್ತ? ಹಾಗಿದ್ರೆ ಈಗಲೇ ಹೇಳಿಬಿಡು. ನಾಳೆ ಕೋರ್ಟಿನಲ್ಲಿ ತೊಂದ್ರೆ ಆಗೋದು ಬೇಡ."

"ಊಟ ಮಾಡಿದ್ದು," ಶಿವಶಂಕರಪ್ಪ ಹೇಳಿದ. "ಊಟಕ್ಕೂ ರಾಜಿಗೂ ಎಂತ ಸಂಬಂಧ?"

ಮರುದಿನ ನ್ಯಾಯಮಂಡಳಿಯಲ್ಲಿ ಇವರ ಸರದಿ ಬರುವಷ್ಟರಲ್ಲಿ ಮಧ್ಯಾಹ್ನವಾಗಿತ್ತು. ಸರ್ಕಾರದ ಕಡೆಯ ವಕೀಲರು ಉತ್ತರ ಸಲ್ಲಿಸಲು ಕಾಲಾವಕಾಶ ಕೇಳಿದರು. ವಾಯಿದೆ ಬಿತ್ತು. ಇಬ್ಬರೂ ಆ ಒಂದು ಮಾತು ಕೇಳಲು ಒಂದು ದಿನದ ದಾರಿ ಬಂದಿದ್ದರು. ಹೊರಗೆ ಬಂದು ಶಿವಶಂಕರಪ್ಪ ಬಸ್‌ಸ್ಟ್ಯಾಂಡಿಗೆ ಹೋಗುವ ಬಸ್ಸಿನ ನಂಬರು ಕೇಳುತ್ತ ನಿಂತಿದ್ದಾಗ ದೇವಕಿ ತನ್ನವರ ಜತೆ ಆಟೋ ಹತ್ತಿ ಹೋದಳು.

ಹೀಗೆ ಇನ್ನೂ ಒಂದೆರಡು ವಾಯಿದೆಗಳಾದವು. ಆಮೇಲೆ ಯಾರೂ ಹೋಗಲಿಲ್ಲ. ಕೊನೆಗೆ ಆದೇಶ ಬಂತು. ಹೊಸ ತೀರ್ಪಿನ ಪ್ರಕಾರ ಜ್ಯೇಷ್ಠತೆಯ ಪಟ್ಟಿಯನ್ನು ಮತ್ತೆ ತಯಾರಿಸಬೇಕು, ಅದರಂತೆ ಬಡ್ತಿಗಳನ್ನು ಸರಿಪಡಿಸಬೇಕು. ಇಲಾಖೆ ಪಟ್ಟಿ ಹೊರಡಿಸಿತು. ದೇವಕಿಯನ್ನು ಸೂಪರಿಂಟೆಂಡೆಂಟ್ ಹುದ್ದೆಯಿಂದ ಇಳಿಸಿ ಪ್ರಥಮ ದರ್ಜೆ ಸಹಾಯಕಿಯಾಗಿ ಕೊಪ್ಪದ ಕಚೇರಿಗೆ ಹಾಕಿದ್ದರು. ಅದೇ ಕಚೇರಿಯ ಸೂಪರಿಂಟೆಂಡೆಂಟ್ ಕುರ್ಚಿಗೆ ವೃಷಭೇಂದ್ರಪ್ಪ ಬಂದ.

ಶಿವಶಂಕರಪ್ಪನ ಹೆಸರು ಪಟ್ಟಿಯಲ್ಲಿ ದೇವಕಿಯ ಹೆಸರಿಗಿಂತ ಮೇಲೆ ಬಂದಿತ್ತು. ಆದರೆ ಅವನಿಗಿಂತ ಮೇಲೆ ಜಿಲ್ಲೆಯ ಎಷ್ಟೋ ಜನರಿದ್ದರು.

"ನನ್ನದು ಯಾವಾಗ?" ಅಂತ ವೃಷಭೇಂದ್ರಪ್ಪನನ್ನು ಕೇಳಿದ.

"ನಿಧಾನ ಮಾರಾಯ. ಇಷ್ಟು ಜನ ಮುಗೀಬೇಕಲ್ಲ." ವೃಷಭೇಂದ್ರಪ್ಪ ಪಟ್ಟಿಯ ಮೇಲೆ ಬೆರಳು ಓಡಿಸಿದ. "ನಿನ್ನ ರಿಟೈರ್ಮೆಂಟು ಯಾವಾಗ? ಹಾಂ. ಅಷ್ಟರೊಳಗೆ ಕಷ್ಟ. ಆದ್ರೂ ನ್ಯಾಯ ನ್ಯಾಯವೇ ಅಲ್ವ?"

ಅಂದು ಮನೆಗೆ ಬಂದಾಗ ದೇವಕಿ ಹಿತ್ತಿಲಲ್ಲಿ ಪಾತ್ರೆ ತಿಕ್ಕುತ್ತಿದ್ದಳು. ಬೆಳಿಗ್ಗೆ ಅವಳು ಎನ್.ಆರ್.ಪುರದಲ್ಲಿ ಚಾರ್ಜು ಕೊಟ್ಟು ಬಂದಿದ್ದಳು. ಟೈಪಿಸ್ಟು ಹುಡುಗಿ ಒಂದು ಹಾರ ತಂದಿದ್ದಳಂತೆ. ಇಳಿದು ಹೋಗುವವರಿಗೆ ಹಾರ ಹಾಕಬೇಕೋ ಬೇಡವೋ ಗೊತ್ತಾಗದೆ ಹಾಗೇ ಕವರಿನಲ್ಲಿ ಇಟ್ಟು ಕಳಿಸಿದ್ದಳು.

ಶಿವಶಂಕರಪ್ಪನಿಗೆ ಏನಾದರೂ ಒಳ್ಳೆಯ ಮಾತು ಆಡಬೇಕು ಅನ್ನಿಸಿತು.

"ಒಂದು ಲೆಕ್ಕಕ್ಕೆ ಒಳ್ಳೇದೇ ಆಯ್ತು," ಅಂದ. "ದಿನಾ ಬಸ್ಸು ಹತ್ತಿ ಇಳಿಯೋದು ತಪ್ಪಿತು. ಇಬ್ಬರೂ ಒಟ್ಟಿಗೆ ಹೋಗಿ ಒಟ್ಟಿಗೆ ಬರಬಹುದು."

ದೇವಕಿ ಕೈಯಲ್ಲಿದ್ದ ಕೊಳಗ ಕೆಳಗಿಟ್ಟಳು. "ನಿಮಗೆ ಎಂತ ಸಿಕ್ತು?"

"ಎಂತ?"

"ಈ ಕೇಸಿಂದ. ನಿಮಗೆ ಬಡ್ತಿ ಸಿಕ್ಕಿದ್ರೆ ನಾನು ಹೇಗಾದ್ರೂ ನುಂಗಿಕೊಳ್ತಿದ್ದೆ. ನನ್ನ ಕುರ್ಚಿ ನನ್ನ ಗಂಡನಿಗೆ ಹೋಯ್ತು ಅಂದ್ಕೊಳ್ತಿದ್ದೆ. ವೃಷಭೇಂದ್ರಪ್ಪನಿಗೆ ಕೊಡ್ಸೋಕೆ ಇಷ್ಟೆಲ್ಲ ಮಾಡಿದ್ರ?"

"ತೀರ್ಪು ಹಾಗೆ ಬರ್ತದೆ ಅಂತ ಯಾರಿಗೆ ಗೊತ್ತಿತ್ತು," ಅಂದ.

"ನನಗೆ ಗೊತ್ತಿತ್ತು. ಮೊದಲನೇ ದಿನವೇ ಹಳೇ ಪಟ್ಟಿ ತೆಗೆದು ನೋಡಿದ್ದೆ. ನೀವು ಕೇಳಿದ್ರೆ ಹೇಳ್ತಿದ್ದೆ."

"ಹೇಳಬಹುದಿತ್ತಲ್ಲ ನೀನಾಗಿಯೇ."

"ಬಡ್ತಿ ಸಿಗಲ್ಲ ಅಂತ ಗೊತ್ತಾಗಿ ನೀವು ಸೈನ್ ವಾಪಸು ತಗೊಂಡ್ರೆ ನನಗೆ ಅದರಿಂದ ಎಂತ ಸಮಾಧಾನ?"

ಕೊಪ್ಪದಲ್ಲಿ ಕೆಲಸ ಮಾಡುವುದಿಲ್ಲ ಎಂದು ಅವಳು ನಿರ್ಧರಿಸಿದ್ದಳು. ಶೃಂಗೇರಿಯಲ್ಲಿ ಒಂದು ಜಾಗ ಖಾಲಿ ಇತ್ತು. ಯಾರನ್ನೂ ಕೇಳದೆ ಅದಕ್ಕೆ ಕೋರಿಕೆ ಕೊಟ್ಟಳು, ಆದೇಶವೂ ಬಂತು. ಹರಿಹರಪುರದಲ್ಲಿ ಲೈನ್‌ಮನ್ ಆಗಿದ್ದ ಅವಳ ತಮ್ಮ ಗೋವಿಂದ ಶೃಂಗೇರಿಯಲ್ಲಿ ಎರಡು ಕೋಣೆಯ ಮನೆ ನೋಡಿಕೊಟ್ಟ. ಸಾಮಾನು ಒಯ್ಯಲು ಜೀಪು ತಂದ.

"ಶೃಂಗೇರಿಗೆ ದಿನಾ ಹೋಗಿ ಬರಬಹುದು," ಶಿವಶಂಕರಪ್ಪ ಹೇಳಿದ. "ಎನ್.ಆರ್.ಪುರಕ್ಕೆ ಹೋಗ್ತಿರಲಿಲ್ವ?"

"ಆಗ ವಾಪಸು ಬರೋಕೆ ಮನಸ್ಸಿತ್ತು."

"ಜನ ಎಂತ ಅಂತಾರೆ?"

"ಕೇಸು ಹಾಕೋವಾಗ ಜನ ಇರಲಿಲ್ವ?"

ವೀರಬಸಮ್ಮ ಇದೆಲ್ಲ ಕೇಳುತ್ತ ಜಗಲಿಯ ಮೂಲೆಯಲ್ಲಿ ಕೂತಿದ್ದಳು. ಗೋವಿಂದ ಒಳಗಿನಿಂದ ಅಕ್ಕನ ಟ್ರಂಕು ಹೊತ್ತು ತಂದಾಗ ಅವಳು ಮೊಮ್ಮಗಳನ್ನು ಕರೆದು ತನ್ನ ಸೀರೆಯ ಗಂಟು, ಕಂಬಳಿ, ವಿಭೂತಿ ಗಟ್ಟಿ, ಮಂಡಿಗೆ ಹಚ್ಚುವ ಎಣ್ಣೆಯ ಸೀಸೆ ತರಲು ಹೇಳಿದಳು.

"ನೀನೆಲ್ಲಿಗೆ ಅವ್ವ?" ಶಿವಶಂಕರಪ್ಪ ಕೇಳಿದ.

"ಅವಳ ಜತೆಗೆ."

"ಎಂತಕ್ಕೆ?"

"ನಿನಗೆ ಅಡುಗೆ ಬರಲ್ಲ. ನನಗೆ ಮಂಡಿ ಬಗ್ಗಲ್ಲ. ಇಲ್ಲಿದ್ರೆ ಇಬ್ಬರೂ ಉಪವಾಸ."

"ಅರ್ಪಣಾ ಇರ್ತಾಳಲ್ಲ."

"ಅವಳು ಓದೋ ಹುಡುಗಿ. ಮುದುಕಿಗೆ ನೀರು ಕಾಯಿಸಿ ಕಾಲು ನೀವೋಕೆ ಇರೋದ ಅವಳು?"

ದೇವಕಿ ಅಡ್ಡ ಬಂದಳು. "ಅತ್ತೆ, ನಾನು ಬೆಳಿಗ್ಗೆ ಕಚೇರಿಗೆ ಹೋದ್ರೆ ಬರೋದು ಸಂಜೆ. ಅಲ್ಲಿ ಮಾತಾಡೋಕೆ ಯಾರೂ ಇರಲ್ಲ."

"ಇಲ್ಲಿ ಯಾರು ಮಾತಾಡ್ತಿದ್ರು ಈ ವರ್ಷವೆಲ್ಲ?" ಅಂದಳು ವೀರಬಸಮ್ಮ. ಗೋವಿಂದನ ಕಡೆ ತಿರುಗಿ, "ಕೈ ಕೊಡಪ್ಪ, ಜೀಪು ಎತ್ತರ ಇದೆ," ಎಂದಳು. ಗೋವಿಂದ ಒಂದು ಕ್ಷಣ ಹಿಂದೆಮುಂದೆ ನೋಡಿದ. ಆಮೇಲೆ ಮುದುಕಿಯ ರಟ್ಟೆ ಹಿಡಿದು ಎತ್ತಿ ಕೂರಿಸಿದ.

ಕಾಲೇಜು ಮುಗಿಯುವ ತನಕ ಅರ್ಪಣಾ ಅಪ್ಪನ ಜತೆ ಕೊಪ್ಪದಲ್ಲಿ ಉಳಿದಳು. ಮೊದಲನೇ ದಿನವೇ ಹೇಳಿಬಿಟ್ಟಳು, "ಅಪ್ಪ, ನಾನು ಅನ್ನ ಮಾಡ್ತೀನಿ. ಸಾರು ನೀವು ಕಲೀರಿ." ಶಿವಶಂಕರಪ್ಪ ಕಲಿತ. ಮೊದಮೊದಲು ಉಪ್ಪು ಮರೆಯುತ್ತಿತ್ತು, ಬೇಳೆ ಅಡಿ ಹಿಡಿಯುತ್ತಿತ್ತು. ಶನಿವಾರ ಅರ್ಪಣಾ ಶೃಂಗೇರಿಗೆ ಹೋಗಿ ಭಾನುವಾರ ಸಂಜೆ ಅಜ್ಜಿ ಕೊಟ್ಟ ಚಟ್ನಿಪುಡಿ ತರುತ್ತಿದ್ದಳು. ಅಮ್ಮ ಏನಾದರೂ ಹೇಳಿ ಕಳಿಸಿದಳಾ ಎಂದು ಅವನು ಕೇಳುತ್ತಿದ್ದ. ಗ್ಯಾಸು ನೋಡಿ ಆರಿಸಿ ಅಂದಿದಾರೆ ಎಂದು ಅವಳು ಹೇಳುತ್ತಿದ್ದಳು.

ಕಚೇರಿಯಲ್ಲಿ ವೃಷಭೇಂದ್ರಪ್ಪ ಹೊಸ ಕುರ್ಚಿಯ ಬಿಗಿಯಲ್ಲಿದ್ದ. ಹಾಜರಿ ಪುಸ್ತಕವನ್ನು ತನ್ನ ಮೇಜಿಗೆ ತರಿಸಿಕೊಂಡ. ಬೆಳಿಗ್ಗೆ ಸಾರು ಕಾಯಿಸಿ ಬರುವಷ್ಟರಲ್ಲಿ ಶಿವಶಂಕರಪ್ಪನಿಗೆ ತಡವಾಗುತ್ತಿತ್ತು.

"ಏನ್ರೀ ಶಿವಶಂಕರಪ್ಪ, ದಿನಾ ಹೀಗಾದ್ರೆ ಹೇಗೆ?" ಎಲ್ಲರ ಎದುರು ಅವನು ಈಗ ಬಹುವಚನಕ್ಕೆ ತಿರುಗಿದ್ದ.

"ಮನೇಲಿ ಯಾರೂ ಇಲ್ಲ."

"ಅದು ನಿಮ್ಮ ಮನೆ ವಿಷಯ."

ಮುಂದಿನ ವರ್ಷ ಸರ್ಕಾರ ಹೊಸ ಕಾಯ್ದೆ ತಂದಿತು. ಮೀಸಲಾತಿಯಿಂದ ಬಡ್ತಿ ಪಡೆದವರಿಗೆ ಆ ಜ್ಯೇಷ್ಠತೆ ಮತ್ತೆ ಸಿಗುವಂತೆ, ಹಿಂದಿನ ವರ್ಷಗಳಿಗೂ ಅನ್ವಯವಾಗುವಂತೆ. ಇಳಿದವರನ್ನು ಹಿಂದಿನ ಸ್ಥಾನಕ್ಕೆ ಏರಿಸುವ ಮಾತು ಶುರುವಾಯಿತು. ವೃಷಭೇಂದ್ರಪ್ಪನ ಮುಖದ ಬಿಗಿ ಹೋಯಿತು. ಒಂದು ಮಧ್ಯಾಹ್ನ ಅವನು ಶಿವಶಂಕರಪ್ಪನ ಮೇಜಿಗೆ ತಾನೇ ಎದ್ದು ಬಂದ.

"ಮಾರಾಯ, ಈ ಕಾಯ್ದೆಯನ್ನೇ ಪ್ರಶ್ನೆ ಮಾಡ್ಬೇಕು. ಹೈಕೋರ್ಟು, ಅದರ ಮೇಲೂ ಹೋಗೋದು. ನೀನು ಸೈನ್ ಹಾಕು."

"ನನಗೆ ಇದರಿಂದ ಎಂತ ಸಿಗ್ತದೆ?"

"ಎಲ್ಲರ ಒಳ್ಳೇದಕ್ಕೆ ಅಲ್ವ?"

"ನೀವು ಕುರ್ಚಿಲಿ ಉಳಿಯೋದು ಎಲ್ಲರ ಒಳ್ಳೇದ?"

ವೃಷಭೇಂದ್ರಪ್ಪ ಕಾಗದ ಮಡಚಿಕೊಂಡು ಹೋದ. ಶಿವಶಂಕರಪ್ಪ ಸಹಿ ಹಾಕಲಿಲ್ಲ. ಇದನ್ನು ದೇವಕಿಗೆ ತಾನೇ ಹೇಳಬೇಕು ಎಂದು ಆ ಭಾನುವಾರ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಮಗಳ ಜತೆ ಶೃಂಗೇರಿಯ ಬಸ್ಸು ಹತ್ತಿದ.

ಮನೆಯ ಮುಂದಿನ ಕಲ್ಲಿನ ಮೇಲೆ ವೀರಬಸಮ್ಮ ಬಿಸಿಲು ಕಾಯಿಸುತ್ತಿದ್ದಳು. ಕಾಲಿಗೆ ಎಣ್ಣೆ ಹಚ್ಚಿತ್ತು. ದೇವಕಿ ಬಟ್ಟೆ ಒಣಹಾಕುತ್ತಿದ್ದಳು. ಅವನನ್ನು ಕಂಡು, "ಬನ್ನಿ," ಅಂದಳು, ಮನೆಗೆ ಬಂದ ಯಾರಿಗಾದರೂ ಅನ್ನುವ ಹಾಗೆ. ಊಟ ಬಡಿಸಿದಳು. ಬಸಳೆ ಸಾರು, ಕಾಯಿ ಹಾಕಿದ ಪಲ್ಯ. ಅವನು ಉಣ್ಣುತ್ತ ಹೇಳಿದ.

"ವೃಷಭೇಂದ್ರಪ್ಪ ಮತ್ತೆ ಬಂದಿದ್ದ. ಹೊಸ ಕೇಸು ಹಾಕ್ತಾರಂತೆ. ನಾನು ಸೈನ್ ಹಾಕಲಿಲ್ಲ."

"ಒಳ್ಳೇದು."

"ಅಷ್ಟೇನಾ?"

"ಇನ್ನೆಂತ ಹೇಳ್ಬೇಕು? ಹಾಕೋವಾಗ ನನ್ನ ಕೇಳಲಿಲ್ಲ. ಹಾಕದೆ ಇರೋದಕ್ಕೆ ನಾನು ಹೊಗಳ್ಬೇಕ?"

ಅವನು ಅನ್ನಕ್ಕೆ ಮಜ್ಜಿಗೆ ಕಲಸಿಕೊಂಡ. ಮಜ್ಜಿಗೆಯ ಪಾತ್ರೆ ಮುಚ್ಚುತ್ತ ದೇವಕಿಯೇ ಹೇಳಿದಳು, "ನನ್ನ ಆರ್ಡರ್ ಬಂದಿದೆ. ಸೋಮವಾರದಿಂದ ಮತ್ತೆ ಎನ್.ಆರ್.ಪುರ. ಅದೇ ಕುರ್ಚಿ."

"ನಾಳೆಯಿಂದಲ? ಹಾಗಾದ್ರೆ ಇಲ್ಲಿ ಯಾಕೆ ಇನ್ನು? ಇವತ್ತೇ ಗಾಡಿ ಹೇಳ್ತೀನಿ. ಅವ್ವನೂ ಬರ್ಲಿ."

"ಬೇಡ. ಈ ಮನೆ ಬಿಡಲ್ಲ."

"ಇಲ್ಲಿಂದ ಎನ್.ಆರ್.ಪುರಕ್ಕೆ ದಿನಾ ಹೋಗ್ತೀಯ? ಅಷ್ಟು ದೂರ?"

"ಬೆಳಿಗ್ಗೆ ಒಂದು ಬಸ್ಸಿದೆ. ಸಂಜೆ ವಾಪಸು ಬರೋಕೂ ಇದೆ."

"ಅದು ಕೊಪ್ಪದ ಮೇಲೇ ಹೋಗೋ ಬಸ್ಸಲ್ವ? ಹೋಗೋವಾಗ ಬರೋವಾಗ ಎರಡು ಸಲವೂ ಕೊಪ್ಪ ದಾಟ್ಬೇಕು ನೀನು."

"ಹೌದು," ಅವನ ತಟ್ಟೆಯ ಕಡೆ ನೋಡಿ ದೇವಕಿ ಹೇಳಿದಳು. "ದಾಟ್ತೀನಿ. ಇನ್ನೊಂದು ಸ್ವಲ್ಪ ಅನ್ನ ಹಾಕ್ಲ?"